ಚರ್ಚಿನ ಹಾಡಿನಿಂದ ರೇಡಿಯೊ ಹಾಡಿನವರೆಗೆ: ಸ್ಟೇಪಲ್ ಸಿಂಗರ್ಸ್ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಸ್ಟೇಪಲ್ ಸಿಂಗರ್ಸ್ ಅಂದರೆ ಯಾರು?

ಅಮೆರಿಕದ ಷಿಕಾಗೊದಲ್ಲಿ ಒಬ್ಬ ಅಪ್ಪ ತನ್ನ ಮಕ್ಕಳನ್ನು ಸೇರಿಸಿಕೊಂಡು ಕಟ್ಟಿದ ಹಾಡಿನ ತಂಡ. ಅಪ್ಪನ ಹೆಸರು ರೋಬಕ್ ಸ್ಟೇಪಲ್ಸ್. ಎಲ್ಲರೂ ಅವರನ್ನು ಪಾಪ್ಸ್ ಅಂತಲೇ ಕರೆಯುತ್ತಿದ್ದರು, ಅಂದರೆ ಅಪ್ಪ. ಹಾಡಿದ ಮಕ್ಕಳು ಕ್ಲಿಯೋಥಾ, ಪರ್ವಿಸ್, ಇವಾನ್, ಮೇವಿಸ್. 1948ರಲ್ಲಿ ಚರ್ಚಿನಲ್ಲಿ ಮೊದಲ ಸಲ ಹಾಡಿದರು. 1972ರಲ್ಲಿ ಅವರ ಹಾಡು ಅಮೆರಿಕದ ಪಾಪ್ ಪಟ್ಟಿಯ, ಅಂದರೆ ಜನಪ್ರಿಯ ಹಾಡುಗಳ ಪಟ್ಟಿಯ, ತುದಿಗೆ ಏರಿತು.

ನಡುವಿನ 24 ವರ್ಷಗಳಲ್ಲಿ ಏನಾಯಿತು ಅನ್ನುವುದೇ ಇಲ್ಲಿನ ಬಹುಪಾಲು ಪ್ರಶ್ನೆಗಳ ತಿರುಳು. ಅವರು ದುಡ್ಡಿಗಾಗಿ ಒಂದು ದಿನ ದೇವರನ್ನು ಬಿಟ್ಟರು ಅಂತ ಕೆಲವರು ಹೇಳುತ್ತಾರೆ. ನನಗೆ ಅದು ಸರಿ ಅನ್ನಿಸುವುದಿಲ್ಲ. ಯಾಕೆ ಅಂತ ಮುಂದೆ ಓದಿ.

ಮನೆತನದ ಹೆಸರು ಸ್ಟೇಪಲ್ಸ್, ತಂಡದ ಹೆಸರು ಮಾತ್ರ ಸ್ಟೇಪಲ್. ಬರೆದವರ ತಪ್ಪಾ?

ಅಲ್ಲ. ಎರಡೂ ಸರಿ. ತಂಡದ ಹೆಸರಿನಲ್ಲಿ ಕೊನೆಯ ಸಕಾರ ಇಲ್ಲ, ಅಷ್ಟೇ.

ಗಾಸ್ಪೆಲ್ ಅಂದರೆ ಏನು? ಚರ್ಚಿನಲ್ಲಿ ಹಾಡುವುದೆಲ್ಲ ಗಾಸ್ಪೆಲ್ಲಾ?

ಎಲ್ಲವೂ ಅಲ್ಲ. ನಮ್ಮೂರಿನ ಚರ್ಚುಗಳಲ್ಲಿ ಕೇಳುವ ಸ್ತೋತ್ರಗೀತೆಗಳು ಹೆಚ್ಚಾಗಿ ಯುರೋಪಿನ ಕಡೆಯಿಂದ ಬಂದ ಬಗೆಯವು. ಇಲ್ಲಿ ಗಾಸ್ಪೆಲ್ ಅನ್ನುವುದು ಅಮೆರಿಕದ ಕಪ್ಪು ಜನರ ಚರ್ಚುಗಳಲ್ಲಿ ಬೆಳೆದ ಹಾಡು. ಒಬ್ಬರು ಕರೆಯುತ್ತಾರೆ, ಉಳಿದವರು ಓಗೊಡುತ್ತಾರೆ. ಚಪ್ಪಾಳೆ ಇರುತ್ತದೆ, ಕಾಲು ಕುಟ್ಟುವುದು ಇರುತ್ತದೆ, ನಡುವೆ ಅಳುವವರೂ ಇರುತ್ತಾರೆ.

ಇದಕ್ಕೆ ಈ ರೂಪ ಕೊಟ್ಟವರಲ್ಲಿ ದೊಡ್ಡ ಹೆಸರು ಷಿಕಾಗೊದ ಥಾಮಸ್ ಡಾರ್ಸಿ. ಅವರು ಮೊದಲು ಜಾರ್ಜಿಯಾ ಟಾಮ್ ಅನ್ನುವ ಹೆಸರಿನಲ್ಲಿ ಬ್ಲೂಸ್ ಪಿಯಾನೊ ನುಡಿಸುತ್ತಿದ್ದವರು. ಬ್ಲೂಸ್ ಅಂದರೆ ಅದೇ ಕಪ್ಪು ಜನರ, ಆದರೆ ಚರ್ಚಿನ ಹೊರಗಿನ, ನೋವು ಪ್ರೀತಿಯ ಹಾಡು. 1932ರಲ್ಲಿ ಹೆರಿಗೆಯಲ್ಲಿ ಹೆಂಡತಿ ತೀರಿಕೊಂಡರು, ಮಗುವೂ ಉಳಿಯಲಿಲ್ಲ. ಆ ದುಃಖದಲ್ಲಿ ಅವರು ಬರೆದ 'ಪ್ರೆಷಸ್ ಲಾರ್ಡ್' ಹಾಡು ಇವತ್ತಿಗೂ ಗಾಸ್ಪೆಲ್‌ನ ತಾಯಿಬೇರಿನ ಹಾಗಿದೆ. ಅಂದರೆ ಗಾಸ್ಪೆಲ್ ಹುಟ್ಟುವಾಗಲೇ ಅದರ ರಕ್ತದಲ್ಲಿ ಬ್ಲೂಸ್ ಇತ್ತು. ಮುಂದಿನ ಜಗಳ ಅರ್ಥ ಆಗಬೇಕಾದರೆ ಇದನ್ನು ನೆನಪಿಟ್ಟುಕೊಳ್ಳಿ.

ಪಾಪ್ಸ್ ಎಲ್ಲಿಯವರು? ಗಿಟಾರ್ ಎಲ್ಲಿ ಕಲಿತರು?

1914ರ ಡಿಸೆಂಬರ್ 28ರಂದು ಮಿಸಿಸಿಪಿ ರಾಜ್ಯದ ವಿನೋನಾ ಹತ್ತಿರ ಹುಟ್ಟಿದರು. ಬೆಳೆದದ್ದು ಡಾಕರಿ ಅನ್ನುವ ದೊಡ್ಡ ಹತ್ತಿ ತೋಟದಲ್ಲಿ. ಅಲ್ಲಿ ಚಾರ್ಲಿ ಪ್ಯಾಟನ್ ಅನ್ನುವ ಬ್ಲೂಸ್ ಗಾಯಕ ಇದ್ದರು. ಡೆಲ್ಟಾ ಬ್ಲೂಸ್, ಅಂದರೆ ಮಿಸಿಸಿಪಿಯ ಆ ಭಾಗದ ಬ್ಲೂಸ್, ಅಂದಾಗ ಮೊದಲು ಬರುವ ಹೆಸರುಗಳಲ್ಲಿ ಅವರದೂ ಒಂದು. ಹುಡುಗ ರೋಬಕ್ ಅವರ ಗಿಟಾರ್ ಕೇಳಿ ಕಲಿತ. ವಾರವೆಲ್ಲ ಹತ್ತಿ ಬಿಡಿಸುವುದು, ಭಾನುವಾರ ಚರ್ಚ್, ನಡುವೆ ಬ್ಲೂಸ್. ಮೂರೂ ಒಂದೇ ಕೈಯಲ್ಲಿ ಸೇರಿಕೊಂಡವು.

1930ರ ದಶಕದ ನಡುವೆ ಹೆಂಡತಿ ಓಸಿಯೋಲಾ ಮತ್ತು ಮಕ್ಕಳೊಂದಿಗೆ ಷಿಕಾಗೊಗೆ ವಲಸೆ ಬಂದರು. ದಕ್ಷಿಣದ ಹೊಲಗಳಿಂದ ಉತ್ತರದ ಕಾರ್ಖಾನೆಗಳಿಗೆ ಲಕ್ಷಾಂತರ ಕಪ್ಪು ಜನ ಗುಳೆ ಹೊರಟ ಕಾಲ ಅದು. ಪಾಪ್ಸ್ ಅಲ್ಲಿನ ಕಸಾಯಿಖಾನೆಗಳಲ್ಲಿ ದುಡಿದರು. ಬಹಳ ವರ್ಷ ಗಿಟಾರ್ ಮುಟ್ಟಲೇ ಇಲ್ಲ.

ಮಕ್ಕಳಿಗೆ ಹಾಡು ಕಲಿಸಿದ್ದು ಹೇಗೆ?

ಪಾಪ್ಸ್ ಮೊದಲು ಗಂಡಸರದೇ ಒಂದು ಗಾಸ್ಪೆಲ್ ತಂಡದಲ್ಲಿದ್ದರು. ಪ್ರಾಕ್ಟೀಸಿಗೆ ಯಾರೂ ಹೊತ್ತಿಗೆ ಸರಿಯಾಗಿ ಬರುತ್ತಿರಲಿಲ್ಲ. ಆರು ಜನ ಬರಬೇಕಾದಲ್ಲಿ ಇಬ್ಬರೋ ಮೂವರೋ ಬರುವುದು. ಸಾಕಾಗಿ ಒಂದು ದಿನ ಮನೆಗೆ ಬಂದವರೇ ಮಕ್ಕಳನ್ನು ನೆಲದ ಮೇಲೆ ಸುತ್ತ ಕೂರಿಸಿಕೊಂಡು ಶುರು ಮಾಡಿದರು. ಮಿಸಿಸಿಪಿಯಲ್ಲಿ ತಾವು, ತಮ್ಮ ಅಣ್ಣ ತಮ್ಮಂದಿರು, ಅಕ್ಕ ತಂಗಿಯರು ಹಾಡುವಾಗ ಯಾರ ದನಿ ಎಲ್ಲಿರುತ್ತಿತ್ತೋ ಅದನ್ನೇ ಒಬ್ಬೊಬ್ಬ ಮಗುವಿಗೆ ಹಂಚಿಕೊಟ್ಟರು. ನನಗೆ ಈ ಕಥೆಯಲ್ಲಿ ತುಂಬಾ ಇಷ್ಟವಾದ ಭಾಗ ಇದು. ಆ ಹಾರ್ಮನಿ ಷಿಕಾಗೊದಲ್ಲಿ ಹೊಸದಾಗಿ ಮಾಡಿದ್ದಲ್ಲ. ಒಂದು ಹಳ್ಳಿಮನೆಯ ದನಿಗಳು ಮುಂದಿನ ತಲೆಮಾರಿಗೆ ದಾಟಿದ್ದು.

ಮೊದಲ ಸಲ ಹಾಡಿದ್ದು ಸಂಬಂಧಿಕರ ಚರ್ಚಿನಲ್ಲಿ. ಜನ ಮತ್ತೆ ಮತ್ತೆ ಹಾಡಿ ಅಂದರು. ಆದರೆ ಪೂರ್ತಿ ಕಲಿತಿದ್ದದ್ದು ಒಂದೇ ಹಾಡು, 'ವಿಲ್ ದ ಸರ್ಕಲ್ ಬಿ ಅನ್‌ಬ್ರೋಕನ್'. ಅದನ್ನೇ ಮೂರು ಸಲ ಹಾಡಿದರು. ಮನೆಗೆ ಹೋದ ಮೇಲೆ ಪಾಪ್ಸ್, ಜನರಿಗೆ ನಾವು ಇಷ್ಟ ಆಗಿದ್ದೇವೆ, ಇನ್ನಷ್ಟು ಹಾಡು ಕಲಿಯಬೇಕು ಅಂದರಂತೆ.

ಹಾರ್ಮನಿ ಅಂದರೆ ಎಲ್ಲರೂ ಸೇರಿ ಹಾಡುವುದು ಅಷ್ಟೇ ಅಲ್ವಾ? ಇವರದ್ದರಲ್ಲಿ ಏನು ವಿಶೇಷ?

ನಮ್ಮ ಭಜನೆಯಲ್ಲಿ ಹತ್ತು ಜನ ಹಾಡಿದರೂ ಎಲ್ಲರೂ ಹಿಡಿಯುವುದು ಒಂದೇ ಸ್ವರ. ಹಾರ್ಮನಿಯಲ್ಲಿ ಒಬ್ಬರು ಷಡ್ಜ ಹಿಡಿದರೆ ಇನ್ನೊಬ್ಬರು ಗಾಂಧಾರ, ಮತ್ತೊಬ್ಬರು ಪಂಚಮ ಹಿಡಿಯುತ್ತಾರೆ. ಸಾಲು ಮುಂದೆ ಹೋದ ಹಾಗೆ ಮೂರೂ ದನಿಗಳು ಒಟ್ಟಿಗೆ ಸರಿಯುತ್ತವೆ. ಕೇಳುವವರಿಗೆ ಒಂದೇ ದೊಡ್ಡ ದನಿ ಕೇಳಿದ ಹಾಗಾಗುತ್ತದೆ.

ಆ ಕಾಲದ ಬಹುತೇಕ ಗಾಸ್ಪೆಲ್ ತಂಡಗಳು ಗಂಡಸರವು. ಗಟ್ಟಿಯಾಗಿ, ಅಬ್ಬರದಿಂದ, ಮೈಮರೆತು ಹಾಡುವ ತಂಡಗಳು. ಸ್ಟೇಪಲ್ ಮನೆಯವರು ಹಾಗಲ್ಲ. ನಿಧಾನ, ನಡುವೆ ಬೇಕಾದಷ್ಟು ಖಾಲಿ ಜಾಗ. ಕ್ಲಿಯೋಥಾ ದನಿ ಮೇಲೆ, ತಂತಿ ಮೀಟಿದ ಹಾಗೆ. ಪಾಪ್ಸ್ ದನಿ ಮೆತ್ತಗೆ, ಪಕ್ಕದಲ್ಲಿ ಕೂತು ಮಾತಾಡಿದ ಹಾಗೆ. ಅದರ ಕೆಳಗೆ ಅವರ ಎಲೆಕ್ಟ್ರಿಕ್ ಗಿಟಾರ್. ಆಂಪ್ಲಿಫೈಯರ್‌ನಲ್ಲಿ ಟ್ರೆಮೊಲೊ ಅನ್ನುವ ಒಂದು ವ್ಯವಸ್ಥೆ ಇರುತ್ತದೆ. ಅದನ್ನು ಹಾಕಿದರೆ ಸದ್ದು ಒಮ್ಮೆ ಜಾಸ್ತಿ, ಒಮ್ಮೆ ಕಡಿಮೆ ಆಗುತ್ತಾ ನಡುಗುತ್ತದೆ. ನೀರಿನ ಮೇಲೆ ಬಿದ್ದ ದೀಪದ ಬೆಳಕಿನ ಹಾಗೆ. ಒಂದು ತಂತಿ ಮೀಟಿದರೆ ಸಾಕು, ಇದು ಪಾಪ್ಸ್ ಅಂತ ಗೊತ್ತಾಗುತ್ತದೆ.

ಒಡಹುಟ್ಟಿದವರ ದನಿಗೆ ಇನ್ನೊಂದು ಅನುಕೂಲ ಇದೆ. ಒಂದೇ ಮನೆಯಲ್ಲಿ ಮಾತು ಕಲಿತವರು ಅಕ್ಷರಗಳನ್ನು ಒಂದೇ ರೀತಿ ಎಳೆಯುತ್ತಾರೆ, ಒಂದೇ ಜಾಗದಲ್ಲಿ ಉಸಿರು ತೆಗೆದುಕೊಳ್ಳುತ್ತಾರೆ. ಹೊರಗಿನವರು ವರ್ಷಗಟ್ಟಲೆ ಪ್ರಾಕ್ಟೀಸ್ ಮಾಡಿದರೂ ಅದು ಪೂರ್ತಿ ಬರುವುದು ಕಷ್ಟ.

'ಅನ್‌ಕ್ಲೌಡಿ ಡೇ' ಹಾಡಿನಲ್ಲಿ ಆ ದಪ್ಪ ದನಿ ಯಾವ ಗಂಡಸಿನದು?

ಗಂಡಸಿನದಲ್ಲ. ಹದಿಹರೆಯದ ಮೇವಿಸ್‌ದು! 1956ರಲ್ಲಿ ವೀಜೇ ಅನ್ನುವ ರೆಕಾರ್ಡ್ ಕಂಪನಿಯಲ್ಲಿ ಬಂದ ಆ ರೆಕಾರ್ಡ್ ಗಾಸ್ಪೆಲ್ ಲೆಕ್ಕದಲ್ಲಿ ಭರ್ಜರಿಯಾಗಿ ಮಾರಾಟವಾಯಿತು. ಜನ ರೇಡಿಯೊದಲ್ಲಿ ಕೇಳಿ, ಇದು ಗಂಡಸು ಇಲ್ಲವೇ ಭಾರೀ ಗಾತ್ರದ ಹೆಂಗಸು ಅಂದುಕೊಳ್ಳುತ್ತಿದ್ದರು. ಕಾರ್ಯಕ್ರಮಕ್ಕೆ ಬಂದು ನೋಡಿದರೆ ಪುಟ್ಟ ಹುಡುಗಿ ಮೈಕಿನ ಮುಂದೆ ನಿಂತಿರುತ್ತಿದ್ದಳು.

ಮುಂಚೆ ಮುಖ್ಯ ಗಾಯಕ ಪರ್ವಿಸ್. ಅವರ ಗಂಟಲು ಒಡೆದ ಮೇಲೆ ಪಾಪ್ಸ್ ಆ ಜಾಗ ಮೇವಿಸ್‌ಗೆ ಕೊಟ್ಟರು. ಆಕೆಗೆ ಮುಂದೆ ನಿಂತು ಹಾಡಲು ಇಷ್ಟ ಇರಲಿಲ್ಲ, ಹಿಂದೆ ನಿಂತು ಕೆಳದನಿ ಕೊಡುವುದೇ ಇಷ್ಟ. ಅಪ್ಪ ಬಿಡಲಿಲ್ಲ.

ಗಾಸ್ಪೆಲ್ ಹಾಡುವವರು ಬೇರೆ ಹಾಡು ಹಾಡಿದರೆ ಏನು ತಪ್ಪು?

ಆ ಕಾಲದ ಚರ್ಚಿನ ಜನರ ಕಣ್ಣಿಗೆ ಅದು ದೊಡ್ಡ ತಪ್ಪೇ. ದೇವರು ಕೊಟ್ಟ ದನಿಯನ್ನು ಸೈತಾನನಿಗೆ ಮಾರಿದ ಹಾಗೆ. ಮೇವಿಸ್ ಚಿಕ್ಕವಳಿದ್ದಾಗ ಸ್ವಲ್ಪ ಕಾಲ ಮಿಸಿಸಿಪಿಯಲ್ಲಿ ಅಜ್ಜಿ ಮನೆಯಲ್ಲಿದ್ದಳು. ಶಾಲೆಯ ಕಾರ್ಯಕ್ರಮದಲ್ಲಿ ಒಂದು ಬ್ಲೂಸ್ ಪ್ರೇಮಗೀತೆ ಹಾಡಿದಳು. ಅಲ್ಲಿಂದ ಎಳೆದುಕೊಂಡು ಹೋಗಿ ಅಜ್ಜಿಯ ಮುಂದೆ ನಿಲ್ಲಿಸಿದರು. ಅಜ್ಜಿ ಗಿಡದ ಬರಲು ತರಿಸಿ ಹೊಡೆದರು. ಈ ಮನೆಯಲ್ಲಿ ಬ್ಲೂಸ್ ಹಾಡುವ ಹಾಗಿಲ್ಲ ಅಂತ ಹೇಳಿದರು. ಮೇವಿಸ್ ಇದನ್ನು ಎಷ್ಟೋ ಸಂದರ್ಶನಗಳಲ್ಲಿ ಹೇಳಿಕೊಂಡಿದ್ದಾರೆ.

ಸ್ಯಾಮ್ ಕುಕ್ ಕಥೆ ಇದಕ್ಕೆ ದೊಡ್ಡ ಉದಾಹರಣೆ. ಷಿಕಾಗೊದಲ್ಲೇ ಬೆಳೆದವರು, ಸ್ಟೇಪಲ್ ಮಕ್ಕಳಿಗೆ ಗೊತ್ತಿದ್ದವರು. ಸೋಲ್ ಸ್ಟಿರರ್ಸ್ ಅನ್ನುವ ಗಾಸ್ಪೆಲ್ ತಂಡದ ತಾರೆ. 1957ರಲ್ಲಿ 'ಯೂ ಸೆಂಡ್ ಮಿ' ಅನ್ನುವ ಪ್ರೇಮಗೀತೆಯಿಂದ ರಾತ್ರೋರಾತ್ರಿ ದೇಶಕ್ಕೆಲ್ಲ ಪರಿಚಯವಾದರು. ಆದರೆ ಗಾಸ್ಪೆಲ್ ಅಭಿಮಾನಿಗಳಲ್ಲಿ ಬಹಳ ಮಂದಿ ಅವರನ್ನು ಕ್ಷಮಿಸಲಿಲ್ಲ. ಪಾಪ್ಸ್ ಇದನ್ನೆಲ್ಲ ಹತ್ತಿರದಿಂದ ನೋಡಿದವರು.

ಹಾಗಾದರೆ ಇವರು ದಾಟಿದ್ದು ಯಾವಾಗ?

ಈ ಪ್ರಶ್ನೆಗೆ ಒಂದು ತಾರೀಖು ಹೇಳಿ ಮುಗಿಸಲು ಆಗುವುದಿಲ್ಲ. ಗಾಸ್ಪೆಲ್ ಒಂದು ದಡ, ಪಾಪ್ ಇನ್ನೊಂದು ದಡ ಅಂದುಕೊಂಡರೆ, ನಡುವಿನ ಸೇತುವೆ ಸ್ವಾತಂತ್ರ್ಯದ ಹಾಡುಗಳು, ಅಂದರೆ ಕಪ್ಪು ಜನರ ಸಮಾನ ಹಕ್ಕಿನ ಹೋರಾಟದ ಹಾಡುಗಳು. ಜನ ಸಾಮಾನ್ಯವಾಗಿ ಈ ಸೇತುವೆಯನ್ನೇ ಮರೆತುಬಿಡುತ್ತಾರೆ. ನನಗೆ ಬೇಜಾರಾಗುವುದು ಅಲ್ಲೇ.

ಆ ಹೋರಾಟದ ನಾಯಕ ಮಾರ್ಟಿನ್ ಲೂಥರ್ ಕಿಂಗ್ ಅವರ ಮಾತು ಕೇಳಿ ಬಂದ ಮೇಲೆ ಪಾಪ್ಸ್ ಮಕ್ಕಳನ್ನು ಹೋಟೆಲ್ ರೂಮಿಗೆ ಕರೆದು ಹೇಳಿದ್ದು ಪ್ರಸಿದ್ಧವಾಗಿದೆ. ಈ ಮನುಷ್ಯನ ಮಾತು ನನಗೆ ಹಿಡಿಸಿತು, ಅವರು ಇದನ್ನು ಬೋಧಿಸಬಹುದಾದರೆ ನಾವು ಹಾಡಬಹುದು ಅಂತ. ಅಲ್ಲಿಂದ ಹಾಡಿನ ವಿಷಯ ಬದಲಾಯಿತು. ಸ್ವರ್ಗದ ಜೊತೆಗೆ ಬಸ್ಸು, ಶಾಲೆ, ರಸ್ತೆ ಕೂಡ ಹಾಡಿನೊಳಗೆ ಬಂದವು.

1957ರಲ್ಲಿ ಅರ್ಕಾನ್ಸಾದ ಲಿಟಲ್ ರಾಕ್‌ನಲ್ಲಿ ಒಂಬತ್ತು ಕಪ್ಪು ಮಕ್ಕಳು ಬಿಳಿಯರ ಹೈಸ್ಕೂಲಿಗೆ ಸೇರಲು ಹೋದಾಗ ಅವರನ್ನು ತಡೆದರು. ಅದನ್ನು ಕಂಡು ನೊಂದು ಪಾಪ್ಸ್ ಬರೆದದ್ದು 'ವೈ ಆಮ್ ಐ ಟ್ರೀಟೆಡ್ ಸೋ ಬ್ಯಾಡ್'. ನನ್ನನ್ನೇಕೆ ಹೀಗೆ ನಡೆಸಿಕೊಳ್ಳುತ್ತಾರೆ ಅನ್ನುವ ಪ್ರಶ್ನೆ. ಅದು ಕಿಂಗ್ ಅವರಿಗೆ ತುಂಬಾ ಇಷ್ಟ. ಇವತ್ತು ನನ್ನ ಹಾಡು ಹಾಡುತ್ತೀರಿ ಅಲ್ವಾ ಅಂತ ಪಾಪ್ಸ್‌ರನ್ನು ಕೇಳುತ್ತಿದ್ದರಂತೆ. 1965ರ ಮಾರ್ಚ್‌ನಲ್ಲಿ ಸೆಲ್ಮಾದಿಂದ ಮಾಂಟ್ಗೊಮೆರಿಗೆ ಮತದಾನದ ಹಕ್ಕಿಗಾಗಿ ಜನ ನಡೆದರು. ಅದರಿಂದ ಹುಟ್ಟಿದ್ದು 'ಫ್ರೀಡಮ್ ಹೈವೇ'. ಮರುತಿಂಗಳೇ ಷಿಕಾಗೊದ ಒಂದು ಚರ್ಚಿನಲ್ಲಿ, ಜನರ ಮುಂದೆಯೇ ರೆಕಾರ್ಡ್ ಮಾಡಿದರು. ಕೇಳಿ ನೋಡಿ. ಪ್ರಾರ್ಥನೆ ಎಲ್ಲಿ ಮುಗಿಯಿತು, ಹೋರಾಟ ಎಲ್ಲಿ ಶುರುವಾಯಿತು ಅಂತ ಗೆರೆ ಎಳೆಯಲು ಆಗುವುದಿಲ್ಲ.

ಇವರಿಗೆ ಇದು ಕೇವಲ ಹಾಡಿನ ವಿಷಯವೂ ಆಗಿರಲಿಲ್ಲ. ದಕ್ಷಿಣದಲ್ಲಿ ಕಾರಿನಲ್ಲಿ ಊರೂರು ತಿರುಗುವಾಗ ಬಿಳಿಯರ ಹೋಟೆಲುಗಳಲ್ಲಿ ಜಾಗ ಇಲ್ಲ. ಚರ್ಚಿನವರ ಮನೆಗಳಲ್ಲೇ ಮಲಗಬೇಕು. ಒಮ್ಮೆ ಪೆಟ್ರೋಲ್ ಬಂಕಿನವನ ಜೊತೆ ರಸೀದಿ ವಿಷಯಕ್ಕೆ ಜಗಳವಾಗಿ, ಪೊಲೀಸರು ಇಡೀ ಕುಟುಂಬವನ್ನು ಕೈಕೋಳ ಹಾಕಿ ಠಾಣೆಗೆ ಕರೆದುಕೊಂಡು ಹೋಗಿದ್ದರು.

ಗಾಯಕ ಬಾಬ್ ಡಿಲನ್ ಇವರ ಅಭಿಮಾನಿಯಾಗಿದ್ದರಾ?

ಹೌದು. ಹುಡುಗನಾಗಿದ್ದಾಗ ರಾತ್ರಿ ರೇಡಿಯೊದಲ್ಲಿ ಇವರನ್ನು ಕೇಳಿ ಬೆರಗಾದವರು. ಮುಂದೆ ಮೇವಿಸ್‌ರನ್ನು ಮದುವೆಯಾಗಬೇಕು ಅಂತಲೂ ಕೇಳಿದರು, ಅದು ಕೂಡಿ ಬರಲಿಲ್ಲ. 1963ರಲ್ಲಿ ಇವರು ಡಿಲನ್‌ರ 'ಬ್ಲೋಯಿಂಗ್ ಇನ್ ದ ವಿಂಡ್' ರೆಕಾರ್ಡ್ ಮಾಡಿದರು. ಒಬ್ಬನನ್ನು ಮನುಷ್ಯ ಅಂತ ಕರೆಯುವ ಮುಂಚೆ ಅವನು ಎಷ್ಟು ದಾರಿ ನಡೆಯಬೇಕು ಅಂತ ಅದರಲ್ಲಿ ಒಂದು ಸಾಲು ಬರುತ್ತದೆ. ಪಾಪ್ಸ್‌ಗೆ ತಮ್ಮ ಅಪ್ಪ ನೆನಪಾದರು. ಬಿಳಿಯರು ಎದುರಿಗೆ ಬಂದರೆ ರಸ್ತೆಯ ಆಚೆ ಬದಿಗೆ ಹೋಗಬೇಕಾಗಿದ್ದ ಅಪ್ಪ. ಬಿಳಿ ಹುಡುಗನೊಬ್ಬ ಇದನ್ನು ಹೇಗೆ ಬರೆದ ಅಂತ ಪಾಪ್ಸ್ ಆಶ್ಚರ್ಯಪಟ್ಟರು.

ಸ್ಟ್ಯಾಕ್ಸ್ ಕಂಪನಿಗೆ ಹೋದ ಮೇಲೆ ಏನು ಬದಲಾಯಿತು?

ತಾಳ ಬದಲಾಯಿತು. ಒಂದೇ ಮಾತಿನಲ್ಲಿ ಹೇಳಬೇಕಾದರೆ ಅಷ್ಟೇ.

ಸ್ಟ್ಯಾಕ್ಸ್ ಮೆಂಫಿಸ್ ನಗರದ ರೆಕಾರ್ಡ್ ಕಂಪನಿ. ಹಳೆಯ ಸಿನಿಮಾ ಟಾಕೀಸೊಂದನ್ನು ಸ್ಟುಡಿಯೊ ಮಾಡಿಕೊಂಡಿತ್ತು. ಸ್ಟೇಪಲ್ ಮನೆಯವರು 1968ರಲ್ಲಿ ಅಲ್ಲಿ ಸೇರಿದರು. ಅದೇ ವರ್ಷ ಏಪ್ರಿಲ್ 4ರಂದು ಅದೇ ಊರಿನಲ್ಲಿ ಕಿಂಗ್ ಅವರ ಕೊಲೆಯಾಗಿತ್ತು. ಅಲ್ಲಿನ ಮೊದಲ ಎರಡು ಆಲ್ಬಮ್‌ಗಳು ಚೆನ್ನಾಗಿವೆ, ಆದರೆ ಓಡಲಿಲ್ಲ. ಆಮೇಲೆ ಕಂಪನಿಯ ಆಲ್ ಬೆಲ್ ಖುದ್ದಾಗಿ ಈ ತಂಡದ ಜವಾಬ್ದಾರಿ ತೆಗೆದುಕೊಂಡು, ರೆಕಾರ್ಡಿಂಗ್‌ಗೆ ಅಲಬಾಮಾದ ಮಸಲ್ ಶೋಲ್ಸ್ ಸ್ಟುಡಿಯೊಗೆ ಹೋದರು. ಅಲ್ಲಿನ ವಾದ್ಯದವರು ಬಿಳಿಯರು. ಆದರೆ ಅವರ ತಾಳ ಕೇಳಿದರೆ ನಂಬಲು ಆಗುವುದಿಲ್ಲ, ಅಷ್ಟು ನೆಲದ ವಾಸನೆ.

ಮೇಲಿನ ದನಿಗಳು ಹಾಗೆಯೇ ಉಳಿದವು. ಕೆಳಗೆ ಬೇಸ್ ಗಿಟಾರ್, ಡ್ರಮ್ಸ್ ಜೋರಾದವು. ದೇವರ ಹೆಸರು ಸಾಲುಗಳಲ್ಲಿ ಕಡಿಮೆಯಾಯಿತು. 1971ರಲ್ಲಿ 'ರೆಸ್ಪೆಕ್ಟ್ ಯುವರ್‌ಸೆಲ್ಫ್' ಪಾಪ್ ಪಟ್ಟಿಯಲ್ಲಿ 12ನೇ ಸ್ಥಾನದವರೆಗೆ ಹೋಯಿತು. ನಿನ್ನನ್ನು ನೀನು ಗೌರವಿಸದಿದ್ದರೆ ಬೇರೆ ಯಾರು ಗೌರವಿಸುತ್ತಾರೆ ಅನ್ನುವ ಹಾಡು. ಭಾನುವಾರದ ಪ್ರವಚನವನ್ನೇ ಕುಣಿಯುವ ಹಾಗೆ ಮಾಡಿದಂತಿದೆ. ಪಾಪ್ಸ್ ಇದಕ್ಕೆ ಮೆಸೇಜ್ ಮ್ಯೂಸಿಕ್ ಅನ್ನುತ್ತಿದ್ದರು.

'ಐಲ್ ಟೇಕ್ ಯೂ ದೇರ್' ಗಾಸ್ಪೆಲ್ ಹಾಡಾ, ಪಾಪ್ ಹಾಡಾ?

ನನ್ನನ್ನು ಕೇಳಿದರೆ ಎರಡೂ. ಇದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ.

ಹಾಡು ಬರೆದವರು ಆಲ್ ಬೆಲ್. ಅವರ ತಮ್ಮನ ಕೊಲೆಯಾಗಿತ್ತು. ಲಿಟಲ್ ರಾಕ್‌ನಲ್ಲಿ ಮಣ್ಣು ಮಾಡಿ ಬಂದು ಅಪ್ಪನ ಮನೆಯ ಹಿತ್ತಿಲಲ್ಲಿ ಒಬ್ಬರೇ ಕೂತಿದ್ದಾಗ ಸಾಲುಗಳು ಬಂದವು. ಒಂದು ಜಾಗ ನನಗೆ ಗೊತ್ತು, ಅಲ್ಲಿ ಯಾರೂ ಅಳುವುದಿಲ್ಲ, ಯಾರಿಗೂ ಚಿಂತೆ ಇಲ್ಲ. ನಿನ್ನನ್ನು ಅಲ್ಲಿಗೆ ಕರೆದುಕೊಂಡು ಹೋಗುತ್ತೇನೆ. ಇಷ್ಟೇ ಹಾಡು. ಶುರುವಿನ ಬೇಸ್ ನಡೆ ಜಮೈಕಾದ 'ಲಿಕ್ವಿಡೇಟರ್' ಅನ್ನುವ ರೆಗ್ಗೆ ತುಣುಕಿನಿಂದ ಬಂದದ್ದು. ಇಡೀ ಹಾಡಿಗೆ ಇರುವುದು ಎರಡೇ ಕಾರ್ಡ್, ಅಂದರೆ ಒಟ್ಟಿಗೆ ನುಡಿಸುವ ಎರಡೇ ಸ್ವರಗುಂಪು.

ಸಾಹಿತ್ಯ ಕಡಿಮೆ ಇದ್ದದ್ದೇ ಒಳ್ಳೆಯದಾಯಿತು. ಖಾಲಿ ಬಿಟ್ಟ ಜಾಗವನ್ನೆಲ್ಲ ಮೇವಿಸ್ ಚರ್ಚಿನಲ್ಲಿ ಕಲಿತದ್ದರಿಂದ ತುಂಬಿದರು. ಗುನುಗುತ್ತಾರೆ, ಕರೆಯುತ್ತಾರೆ, ಬೇಡಿಕೊಳ್ಳುತ್ತಾರೆ. ಬೇಸ್ ನುಡಿಸುವ ಡೇವಿಡ್ ಹುಡ್ ಸರದಿ ಬಂದಾಗ 'ಲಿಟಲ್ ಡೇವಿಡ್' ಅಂತ ಹುರಿದುಂಬಿಸುತ್ತಾರೆ. ಹಿಂದಿನಿಂದ ಕ್ಲಿಯೋಥಾ, ಇವಾನ್ ಓಗೊಡುತ್ತಾರೆ. ಕರೆ ಮತ್ತು ಓಗೊಡುವಿಕೆ, ಅದೇ ಹಳೆಯ ಕ್ರಮ. ದೇವರ ಹೆಸರು ಎಲ್ಲೂ ಇಲ್ಲ, ಆದರೆ ಹಾಡಿನ ಮೈಕಟ್ಟೆಲ್ಲ ಚರ್ಚಿನದೇ. 1972ರಲ್ಲಿ ಇದು ಪಾಪ್ ಪಟ್ಟಿಯಲ್ಲಿ 1ನೇ ಸ್ಥಾನಕ್ಕೆ ಬಂತು.

ಚರ್ಚಿನವರು ಏನಂದರು?

ಬೈದರು. ಇವರು ಸೈತಾನನ ಹಾಡು ಹಾಡುತ್ತಿದ್ದಾರೆ ಅಂದರು. ಮೇವಿಸ್ ಉತ್ತರ ನೇರ: ಸೈತಾನನಿಗೆ ಅಂತ ಸಂಗೀತವೇ ಇಲ್ಲ, ಸಂಗೀತವೆಲ್ಲ ದೇವರದೇ. ಕರೆದುಕೊಂಡು ಹೋಗುತ್ತೇವೆ ಅಂದಮೇಲೆ ಎಲ್ಲಿಗೆ ಅಂದುಕೊಂಡಿರಿ, ಸ್ವರ್ಗಕ್ಕೇ ಅಲ್ವಾ ಅಂತ ಕೇಳಿದರು. ಸಾಹಿತ್ಯ ಗಮನವಿಟ್ಟು ಕೇಳಿದ ಮೇಲೆ ಚರ್ಚುಗಳು ಮತ್ತೆ ಕರೆಯತೊಡಗಿದವು.

ಇನ್ನೊಂದು ಮಾತು. 1969ರ ಬೇಸಿಗೆಯಲ್ಲಿ ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿ ನಡೆದ ಉತ್ಸವದಲ್ಲಿ ಗಾಸ್ಪೆಲ್ ರಾಣಿ ಮಹಾಲಿಯಾ ಜಾಕ್ಸನ್‌ಗೆ ಮೈ ಸರಿಯಿರಲಿಲ್ಲ. 'ಪ್ರೆಷಸ್ ಲಾರ್ಡ್' ಶುರು ಮಾಡಲು ಅವರು ಕೇಳಿದ್ದು ಮೇವಿಸ್‌ರನ್ನು. ಕಿಂಗ್ ಅವರಿಗೆ ಪ್ರಾಣವಾಗಿದ್ದ ಹಾಡು ಅದು. ಇಬ್ಬರೂ ಒಂದೇ ಮೈಕ್ ಹಿಡಿದು ಹಾಡಿದ್ದು 2021ರ 'ಸಮ್ಮರ್ ಆಫ್ ಸೋಲ್' ಸಾಕ್ಷ್ಯಚಿತ್ರದಲ್ಲಿದೆ. ಆಗ ಮೇವಿಸ್ ಸ್ಟ್ಯಾಕ್ಸ್ ಗಾಯಕಿ. ಮಹಾಲಿಯಾಗೆ ಅದು ಅಡ್ಡಿಯಾಗಲಿಲ್ಲ.

ಪಾಪ್ಸ್‌ಗೆ ಯಾವತ್ತೂ ಮುಜುಗರ ಆಗಲಿಲ್ಲವಾ?

ಆಯಿತು. 1975ರಲ್ಲಿ. ಸ್ಟ್ಯಾಕ್ಸ್ ಆಗ ಮುಳುಗುತ್ತಿತ್ತು, ವರ್ಷದ ಕೊನೆಗೆ ದಿವಾಳಿಯಾಯಿತು. ಷಿಕಾಗೊದವರೇ ಆದ ಗಾಯಕ ಕರ್ಟಿಸ್ ಮೇಫೀಲ್ಡ್ ತಮ್ಮ ಕಂಪನಿಗೆ ಕರೆದು ಸಿನಿಮಾವೊಂದಕ್ಕೆ ಹಾಡಿಸಿದರು. 'ಲೆಟ್ಸ್ ಡೂ ಇಟ್ ಅಗೇನ್'. ಅದು ನೇರವಾದ ಪ್ರಣಯಗೀತೆ. ತಮ್ಮ ಪಾಲಿನ ಸಾಲು ನೋಡಿ ಪಾಪ್ಸ್, ನಾನು ಚರ್ಚಿನ ಮನುಷ್ಯ, ಇದನ್ನು ಹಾಡುವುದಿಲ್ಲ ಅಂದುಬಿಟ್ಟರು. ಇದು ಸುಮ್ನೆ ಒಂದು ಪ್ರೀತಿಯ ಹಾಡು, ದೇವರು ಬೇಜಾರು ಮಾಡಿಕೊಳ್ಳುವುದಿಲ್ಲ ಅಂತ ಕರ್ಟಿಸ್ ಒಪ್ಪಿಸಿದರು. ಹಾಡು 1ನೇ ಸ್ಥಾನಕ್ಕೆ ಹೋಯಿತು.

ನಿಜವಾಗಿ ಗೆರೆ ದಾಟಿದ್ದು ಎಲ್ಲಿ ಅಂತ ಯಾರಾದರೂ ಪಟ್ಟು ಹಿಡಿದರೆ ನಾನು ತೋರಿಸುವುದು ಈ ಹಾಡನ್ನೇ. ಇದು ಕೆಟ್ಟ ಹಾಡಲ್ಲ, ನನಗೆ ಇಷ್ಟವೇ. ಆದರೆ ಅಲ್ಲಿಯವರೆಗೆ ಹಾಡಿನೊಳಗೆ ಜನರೆಲ್ಲ ಇದ್ದರು, ಇಲ್ಲಿ ಇಬ್ಬರೇ ಇದ್ದಾರೆ.

ಪರ್ವಿಸ್ ತಂಡ ಬಿಟ್ಟಿದ್ದು ಯಾಕೆ?

1970ರ ಸುಮಾರಿಗೆ ಬಿಟ್ಟು ಬೇರೆ ತಂಡಗಳ ವ್ಯವಹಾರ ನೋಡಿಕೊಳ್ಳಲು ಹೋದರು. ಅವರ ಜಾಗಕ್ಕೆ ಇವಾನ್ ಬಂದರು. ಇವಾನ್‌ಗೆ ಹಾಡುವುದಕ್ಕಿಂತ ಲೆಕ್ಕಪತ್ರ ನೋಡುವುದೇ ಇಷ್ಟ, ಆದರೂ ಮನೆಗಾಗಿ ನಿಂತರು. ಪರ್ವಿಸ್ ನೋಡಿಕೊಂಡ ತಂಡಗಳಲ್ಲಿ ಒಂದು ದಿ ಇಮೋಷನ್ಸ್. ಅದೂ ಷಿಕಾಗೊದ ಅಕ್ಕತಂಗಿಯರದೇ. ಅವರೂ ಚಿಕ್ಕಂದಿನಲ್ಲಿ ಅಪ್ಪನ ಜೊತೆ ಗಾಸ್ಪೆಲ್ ಹಾಡಿದವರು. 1977ರಲ್ಲಿ 'ಬೆಸ್ಟ್ ಆಫ್ ಮೈ ಲವ್' ಹಾಡಿ ಅವರೂ ಪಟ್ಟಿಯ ತುದಿಗೆ ಹೋದರು.

ಹೊಸದಾಗಿ ಕೇಳುವವರು ಎಲ್ಲಿಂದ ಶುರು ಮಾಡಬೇಕು?

ಹಿಟ್ ಹಾಡುಗಳಿಂದ ಬೇಡ. ಮೊದಲು 'ಅನ್‌ಕ್ಲೌಡಿ ಡೇ', ಅದೂ ರಾತ್ರಿ, ಇಯರ್‌ಫೋನ್ ಹಾಕಿಕೊಂಡು. ನಾನು ಮೊದಲ ಸಲ ಹಾಗೆ ಕೇಳಿದಾಗ ಮೇವಿಸ್ ದನಿ ಬರುವ ಜಾಗದಲ್ಲಿ ನಿಲ್ಲಿಸಿ, ಮತ್ತೆ ಹಿಂದೆ ಹೋಗಿ ಕೇಳಿದೆ. ಆಮೇಲೆ 'ಫ್ರೀಡಮ್ ಹೈವೇ'. ಅದಾದ ಮೇಲೆ 'ರೆಸ್ಪೆಕ್ಟ್ ಯುವರ್‌ಸೆಲ್ಫ್', 'ಐಲ್ ಟೇಕ್ ಯೂ ದೇರ್'. ಈ ಕ್ರಮದಲ್ಲಿ ಕೇಳಿದರೆ ಹಳೆಯ ದನಿಗಳು ಹೊಸ ಹಾಡಿನೊಳಗೆ ಕಿವಿಗೆ ಸಿಗುತ್ತವೆ. ನೋಡಲು ಸಿಕ್ಕರೆ ದಿ ಬ್ಯಾಂಡ್ ಅನ್ನುವ ರಾಕ್ ತಂಡದ ಜೊತೆ ಇವರು ಹಾಡಿದ 'ದಿ ವೇಟ್' ನೋಡಿ. 1978ರ 'ದಿ ಲಾಸ್ಟ್ ವಾಲ್ಟ್ಜ್' ಸಿನಿಮಾದಲ್ಲಿದೆ.

ಈಗ ಯಾರಿದ್ದಾರೆ?

1999ರಲ್ಲಿ ತಂಡಕ್ಕೆ ರಾಕ್ ಆಂಡ್ ರೋಲ್ ಹಾಲ್ ಆಫ್ ಫೇಮ್ ಗೌರವ ಸಿಕ್ಕಿತು. ಮರುವರ್ಷ ಡಿಸೆಂಬರ್‌ನಲ್ಲಿ ಪಾಪ್ಸ್ ತೀರಿಕೊಂಡರು. 2013ರಲ್ಲಿ ಕ್ಲಿಯೋಥಾ, 2018ರಲ್ಲಿ ಇವಾನ್, 2021ರಲ್ಲಿ ಪರ್ವಿಸ್. ಉಳಿದವರು ಮೇವಿಸ್. ಅವರಿಗೆ ಮೊದಲ ಗ್ರ್ಯಾಮಿ ಸಂಗೀತ ಪ್ರಶಸ್ತಿ ಬಂದದ್ದು 2011ರಲ್ಲಿ, ಎಪ್ಪತ್ತು ದಾಟಿದ ಮೇಲೆ.

ಪಾಪ್ಸ್ ಕೊನೆಯ ದಿನಗಳಲ್ಲಿ ಕೆಲವು ಹಾಡುಗಳನ್ನು ಅರ್ಧಂಬರ್ಧ ರೆಕಾರ್ಡ್ ಮಾಡಿಟ್ಟಿದ್ದರು. ಅದನ್ನು ಮೇವಿಸ್ ಕೈಗೆ ಕೊಟ್ಟು, ಇದನ್ನು ಕಳೆಯಬೇಡ ಅಂದರು. ಮೇವಿಸ್ ಬಹಳ ವರ್ಷ ಜೋಪಾನ ಮಾಡಿದರು. ಆಮೇಲೆ ಷಿಕಾಗೊದ ಸಂಗೀತಗಾರ ಜೆಫ್ ಟ್ವೀಡಿ ಜೊತೆ ಕೂತು ಪೂರ್ತಿ ಮಾಡಿದರು. 2015ರಲ್ಲಿ ಆಲ್ಬಮ್ ಬಂತು. ಅಪ್ಪ ಹೇಳಿದ ಮಾತನ್ನೇ ಅದಕ್ಕೆ ಹೆಸರಿಟ್ಟರು: 'ಡೋಂಟ್ ಲೂಸ್ ದಿಸ್'.